ಅಕ್ಕನ ಕೈಯಲ್ಲಿದ್ದ ಹಗ್ಗ

ನಾಯಿಗಳ ಮೇಲೆ ನನಗೆ ದ್ವೇಷವಿರಲಿಲ್ಲ, ಪ್ರೀತಿಯೂ ಇರಲಿಲ್ಲ. ಕಾರ್ಕಳ ಪೇಟೆಯಲ್ಲಿ ಟೈಲರಿಂಗ್ ಅಂಗಡಿ ಇಟ್ಟುಕೊಂಡವಳಿಗೆ ತಲೆ ತಿನ್ನಲು ಗಿರಾಕಿಗಳೇ ಸಾಕು. ಬ್ಲೌಸಿನ ಕೈ ಗಿಡ್ಡವಾಯಿತು ಎಂದು ಬರುವವರು, ಉದ್ದವಾಯಿತು ಎಂದು ಬರುವವರು, ಅಳತೆ ಕೊಟ್ಟ ಮೇಲೆ ತಾವೇ ದಪ್ಪವಾಗಿ ನನ್ನ ಮೇಲೆ ಹಾರುವವರು. ಇದರ ನಡುವೆ ಅಕ್ಕ ತೀರಿಕೊಂಡು ಅವಳ ನಾಯಿ ನನ್ನ ಪಾಲಿಗೆ ಬಂತು.

ಅಕ್ಕ ಮದುವೆಯಾಗಿರಲಿಲ್ಲ. ಉಡುಪಿಯ ಒಂದು ಸಹಕಾರಿ ಸಂಘದಲ್ಲಿ ಕೆಲಸ ಮಾಡಿ, ನಿವೃತ್ತಿಯಾದ ಮೇಲೆ ಅಲೆವೂರಿನಲ್ಲಿ ಪುಟ್ಟ ಮನೆ ಕಟ್ಟಿಕೊಂಡಿದ್ದಳು. ಜೊತೆಗೆ ಈ ಬಿಳಿ ಪೊಮೇರಿಯನ್. ಅದಕ್ಕೊಂದು ಹೆಸರಿಟ್ಟು, ಮನೆಮಕ್ಕಳನ್ನು ಕರೆಯುವ ಹಾಗೆ ಕರೆಯುತ್ತಿದ್ದಳು. ನಾನು ಆ ಹೆಸರನ್ನು ಬಾಯಲ್ಲಿ ಆಡಿದವಳಲ್ಲ, ‘ಏ ನಾಯಿ’ ಎಂದರೆ ಮುಗಿಯಿತು. ಅಕ್ಕನದ್ದು ದಿನವೂ ಮಧ್ಯಾಹ್ನ ಅದರ ಕೂದಲು ಬಾಚುವುದು, ಸಂಜೆ ಚಹಾ ಕುಡಿದ ಕೂಡಲೇ ಅದಕ್ಕೆ ಬೆಲ್ಟ್ ಹಾಕಿ ಗದ್ದೆಯ ಬದಿಯ ರಸ್ತೆಯಲ್ಲಿ ತಿರುಗಾಡಿಸುವುದು, ಬಂದು ನನಗೆ ಫೋನ್ ಮಾಡುವುದು. ಫೋನಿನಲ್ಲಿ ಅರ್ಧ ಮಾತು ನಾಯಿಯದ್ದೇ. ನಾನು ಹೂಂ ಹೂಂ ಎನ್ನುತ್ತ ಹೆಮ್ಮಿಂಗ್ ಹಾಕುತ್ತಿದ್ದೆ.

ಮಳೆ ಹಿಡಿಯುವ ಹೊತ್ತಿಗೆ ಒಂದು ಸಂಜೆ ಫೋನ್ ಬಂತು, ಆದರೆ ಮಾತನಾಡಿದ್ದು ಪಕ್ಕದ ಮನೆಯವರು. ನಾಯಿಗೆ ಬೆಲ್ಟ್ ಹಾಕಿ ಮೆಟ್ಟಿಲು ಇಳಿಯುವಾಗ ಅಕ್ಕ ಹಾಗೆಯೇ ಕುಸಿದಿದ್ದಳು. ಹೃದಯ ನಿಂತಿತ್ತು. ಅವರು ನೋಡುವಾಗ ಹಗ್ಗದ ಒಂದು ತುದಿ ಅವಳ ಮುಷ್ಟಿಯಲ್ಲಿತ್ತು, ಇನ್ನೊಂದು ತುದಿಯಲ್ಲಿ ನಾಯಿ ಕುಳಿತಿತ್ತು. ಬೊಗಳಿರಲಿಲ್ಲ, ಎಳೆದೂ ಇರಲಿಲ್ಲ.

ದಹನಕ್ಕೆ ಎತ್ತುವ ಮೊದಲು ನಾವೆಲ್ಲ ಬಾಯಿಗೆ ನೀರು ಬಿಟ್ಟೆವು, ಮೈಮೇಲೆ ಸೀರೆ ಹೊದೆಸಿದೆವು. ಆಗ ಕಾಪುವಿನಿಂದ ಬಂದಿದ್ದ ಚಿಕ್ಕಮ್ಮ, ನಮ್ಮ ಅಮ್ಮನ ತಂಗಿ, ನಾಯಿಯ ಹತ್ತಿರ ಹೋಗಿ ಕುಕ್ಕುರುಗಾಲಲ್ಲಿ ಕುಳಿತರು. ನಾಯಿ ಗದ್ದ ಎತ್ತಿ ಕೊಟ್ಟಿತು. ಅವರು ಕುತ್ತಿಗೆಯ ಬೆಲ್ಟ್ ಬಿಚ್ಚಿ, ಅದಕ್ಕೆ ಸಿಕ್ಕಿಸಿದ್ದ ಹಗ್ಗದ ಸಮೇತ ತಂದು ಅಕ್ಕನ ಬಲಗೈಯಲ್ಲಿಟ್ಟು ಬೆರಳು ಮಡಚಿದರು.

“ಕೈಯಲ್ಲಿ ಇದ್ದದ್ದು ಕೈಯಲ್ಲಿಯೇ ಹೋಗಲಿ. ಅವಳಿಗೆ ಬೇರೆ ಎಂತ ಇತ್ತು?” ಎಂದರು.

ಯಾರಿಗೂ ಬೇಡ ಎನ್ನಲು ಮನಸ್ಸು ಬರಲಿಲ್ಲ. ಸತ್ತವರು ಇಷ್ಟಪಟ್ಟದ್ದನ್ನು ಜೊತೆಗೆ ಕಳಿಸುವುದು ನಮ್ಮಲ್ಲಿ ಇದ್ದದ್ದೇ. ನನ್ನ ಮಾವನ ಜೊತೆ ಅವರ ಎಲೆಯಡಿಕೆಯ ಪೆಟ್ಟಿಗೆ ಹೋಗಿತ್ತು. ಹಗ್ಗ ಅಕ್ಕನ ಜೊತೆ ಬೆಂಕಿಗೆ ಹೋಯಿತು, ನಾಯಿ ನಮ್ಮ ಯಜಮಾನರ ಹಳೆಯ ಓಮ್ನಿಯಲ್ಲಿ ಕಾರ್ಕಳಕ್ಕೆ ಬಂತು.

ಬಂದ ನಾಯಿ ತಿನ್ನಲಿಲ್ಲ. ಕೈಯಲ್ಲಿ ಹಿಡಿದು ಬಾಯಿಗೆ ಇಟ್ಟರೆ ಎರಡು ತುತ್ತು, ಅದೂ ನಮಗೆ ಉಪಕಾರ ಮಾಡಿದಂತೆ. ದಿನವಿಡೀ ಬಾಗಿಲ ಮೂಲೆಯಲ್ಲಿ ಮಲಗಿರುತ್ತಿತ್ತು. ಕಿವಿಯ ಹಿಂದೆ ಕೂದಲು ಗಂಟು ಬಿದ್ದಿತ್ತು. ಮಣಿಪಾಲದ ನಾಯಿ ಡಾಕ್ಟರರ ಬಳಿ ಕೊಂಡುಹೋದೆವು. ಅವರು ಒತ್ತಿ, ತಟ್ಟಿ, ರಕ್ತ ತೆಗೆದು ನೋಡಿದರು.

“ರೋಗ ಎಂತದೂ ಇಲ್ಲ. ಆದರೆ ಹೀಗೆಯೇ ಹೋದರೆ ಇದು ಹೆಚ್ಚು ದಿನ ಇರುವುದಿಲ್ಲ. ಕೂದಲು ಬಾಚಿ, ಹೊರಗೆ ನಡೆಸಿ. ನಡೆದರೆ ಹಸಿವಾದೀತು” ಎಂದರು.

ಹೆಚ್ಚು ದಿನ ಇರುವುದಿಲ್ಲ ಎಂಬ ಮಾತು ಕೇಳಿ ನನಗೆ ನಾಯಿಯ ಮೇಲೆಯೇ ಸಿಟ್ಟು ಬಂತು. ಅಕ್ಕನ ಮನೆ ಬೀಗ ಹಾಕಿಯಾಗಿತ್ತು, ಸೀರೆಗಳನ್ನು ಹಂಚಿಯಾಗಿತ್ತು. ಅವಳ ಕೈಯ ಬಿಸಿ ಗೊತ್ತಿದ್ದ ಜೀವ ಎಂದು ಉಳಿದದ್ದು ಇದೊಂದೇ. ಇದೂ ಹೋಗುತ್ತೇನೆ ಎಂದರೆ ಆಗುತ್ತದಾ? ಸಾಯಲು ಬಿಡುವುದಿಲ್ಲ ಎಂದು ಹಟ ಹಿಡಿದೆ.

ಡಾಕ್ಟರರ ಕ್ಲಿನಿಕ್ಕಿನಿಂದ ಸ್ವಲ್ಪ ಕೆಳಗೆ ಸಾಕುಪ್ರಾಣಿಗಳ ಸಾಮಾನಿನ ಅಂಗಡಿ. ದುಬೈಯಲ್ಲಿ ಕೆಲವು ವರ್ಷ ದುಡಿದು ಬಂದ ಬ್ಯಾರಿ ಸಾಹೇಬರೊಬ್ಬರದ್ದು. ಒಳಗೆ ಕಾಲೇಜು ಹುಡುಗಿಯರು ಬೆಕ್ಕಿಗೆ ಬೋ ಟೈ ಆರಿಸುತ್ತಿದ್ದರು. ನಾನು ನನ್ನ ಟೇಪಿನಲ್ಲಿ ನಾಯಿಯ ಕುತ್ತಿಗೆ, ಎದೆ, ಬೆನ್ನಿನ ಅಳತೆ ತೆಗೆದುಕೊಂಡೇ ಹೋಗಿದ್ದೆ. ಅಂಗಡಿಯವರು ಬಾಚಣಿಗೆಗಳನ್ನು ಗಾಜಿನ ಮೇಲೆ ಹರಡಿದರು. ತಂತಿ ಹಲ್ಲಿನ ಬ್ರಶ್ಶನ್ನು ನನ್ನ ಮೊಣಕೈಯ ಒಳಬದಿಗೆ ಒತ್ತಿ ನೋಡಿದೆ, ಗೀರಿತು. ತುದಿಯಲ್ಲಿ ಗುಂಡು ಇದ್ದದ್ದನ್ನು ತೆಗೆದುಕೊಂಡೆ. ಜೊತೆಗೆ ಗಂಟು ಬಿಡಿಸಲು ಅಗಲ ಹಲ್ಲಿನ ಸ್ಟೀಲ್ ಬಾಚಣಿಗೆ. ಶಾಂಪೂವಿನಲ್ಲಿ ಸ್ಟ್ರಾಬೆರಿಯ ವಾಸನೆ ಇತ್ತು, ನಾಯಿಗೆ ಯಾಕೆ ಸ್ಟ್ರಾಬೆರಿ ಎಂದು ವಾಪಸ್ಸು ಕೊಟ್ಟೆ.

ಬೆಲ್ಟುಗಳಲ್ಲಿ ನನ್ನ ಕಣ್ಣು ಹೋಗುವುದೇ ಹೊಲಿಗೆಯ ಕಡೆಗೆ. ಚಿನ್ನದ ಬಣ್ಣದ ಬಕಲ್ ಇದ್ದದ್ದರಲ್ಲಿ ಮೂಲೆಯ ಹೊಲಿಗೆ ಒಂದೇ ಸುತ್ತು. ಎರಡು ಸಲ ಎಳೆದರೆ ಬಿಡುತ್ತದೆ. ರೀಲಿನಿಂದ ಬಿಚ್ಚಿಕೊಳ್ಳುವ ಹಗ್ಗದ ಮೇಲೆ ನನಗೆ ನಂಬಿಕೆ ಬರಲಿಲ್ಲ. ಕೊನೆಗೆ ಎದೆಗೆ ಹಾಕುವ, ಒಳಗೆ ಮೆತ್ತೆ ಇರುವ ಹಾರ್ನೆಸ್ ಆರಿಸಿದೆ. ಕುತ್ತಿಗೆಗೆ ಬಿಗಿಯುವುದಿಲ್ಲ, ಸಣ್ಣ ನಾಯಿಗೆ ಅದೇ ಒಳ್ಳೆಯದು ಎಂದು ಅವರೂ ಹೇಳಿದರು.

“ಹಳೆಯ ಬೆಲ್ಟ್ ಇದ್ದರೆ ಹೊಸದರ ಒಟ್ಟಿಗೆ ಕಟ್ಟಿ ಇಡಿ ಮೇಡಂ. ಹಳೆಯದರ ವಾಸನೆ ಹತ್ತಿದರೆ ಬೇಗ ಒಪ್ಪಿಕೊಳ್ಳುತ್ತದೆ.”

“ಹಳೆಯದು ಇಲ್ಲ.”

“ಕಳೆದುಹೋಯಿತಾ?”

“ಸುಟ್ಟುಹೋಯಿತು” ಎಂದೆ. ಅವರು ಹಾರ್ನೆಸನ್ನು ಚೀಲಕ್ಕೆ ಹಾಕಿ ಕೊಟ್ಟರು.

ಬಾಚಿಸಿಕೊಳ್ಳಲು ನಾಯಿ ತಕರಾರು ಮಾಡಲಿಲ್ಲ. ಹಾರ್ನೆಸ್ ಹಾಕಿದರೆ ಮಾತ್ರ ಗೋಣಿಚೀಲದ ಹಾಗೆ ಕುಸಿಯಿತು. ಎತ್ತಿ ನಿಲ್ಲಿಸಿದೆ, ಪುನಃ ಕುಸಿಯಿತು. ಬಿಸ್ಕತ್ತು ತೋರಿಸಿದೆ, ಗದರಿಸಿದೆ, ಎಂದೂ ಕರೆಯದ ಆ ಹೆಸರನ್ನೂ ಕರೆದೆ. ನನ್ನನ್ನು ನೋಡಲೂ ಇಲ್ಲ. ಹಾಕಿಕೊಂಡೇ ಅಭ್ಯಾಸವಾಗಲಿ ಎಂದು ಹಾಗೆಯೇ ಬಿಟ್ಟು ಒಳಗೆ ಚಹಾಕ್ಕೆ ನೀರಿಟ್ಟೆ. ತಿರುಗಿ ಬರುವಾಗ ಹಾರ್ನೆಸ್ ನೆಲದ ಮೇಲಿತ್ತು. ಬಕಲ್ ಎರಡೂ ಹಾಕಿದ ಹಾಗೆಯೇ ಇದ್ದವು. ಸಣ್ಣ ನಾಯಿಗಳು ಹಿಂದಕ್ಕೆ ಸರಿದು ನುಸುಳಿಕೊಳ್ಳುತ್ತವೆ ಎಂದು ಅಂಗಡಿಯವರು ಹೇಳಿದ್ದರು, ಅದು ನೆನಪಿಗೆ ಬಂತು. ಆದರೆ ನಾಯಿ ನುಸುಳಿಕೊಂಡು ಎಲ್ಲಿಗೂ ಓಡಿರಲಿಲ್ಲ. ಹೊರಗಿನ ಮೊದಲ ಮೆಟ್ಟಿಲ ಮೇಲೆ ನಿಂತಿತ್ತು.

ನಿಂತು ಗದ್ದ ಎತ್ತಿತು. ಎದುರಿಗೆ ಯಾರೂ ಇರಲಿಲ್ಲ. ಒಂದು ಬಕಲ್ ಹಾಕಲು ಎಷ್ಟು ಹೊತ್ತು ಬೇಕೋ ಅಷ್ಟು ಹೊತ್ತು, ಕಣ್ಣು ಅರ್ಧ ಮುಚ್ಚಿ, ಅಲುಗಾಡದೆ ನಿಂತಿತ್ತು. ಆಮೇಲೆ ತಲೆ ಇಳಿಸಿ, ಮೆಟ್ಟಿಲು ಇಳಿದು, ಅಂಗಳದಲ್ಲಿ ಎಡಕ್ಕೆ ಒತ್ತಿಕೊಂಡು ನಿಧಾನ ನಡೆಯಿತು. ಬಿಟ್ಟ ನಾಯಿ ಹಾಗೆ ನಡೆಯುವುದಿಲ್ಲ. ಪಕ್ಕದಲ್ಲಿ ಮೊಣಕಾಲು ನೋವಿನವರು ಇದ್ದರೆ ಹೇಗೆ ನಡೆಯಬೇಕೋ ಹಾಗೆ, ಎರಡು ಹೆಜ್ಜೆಗೊಮ್ಮೆ ತಡೆದು ನಡೆಯಿತು. ಅಕ್ಕನಿಗೆ ಮೊಣಕಾಲು ನೋವು ಇತ್ತು. ಗೇಟಿನ ಬಳಿ ನಿಂತು ಚಿಲಕದ ಕಡೆ ಮುಖ ಎತ್ತಿ ಕಾಯಿತು. ಚಿಲಕ ತೆರೆಯಲಿಲ್ಲ. ತಿರುಗಿ ಬಂದು ಮೂಲೆಯಲ್ಲಿ ಮಲಗಿತು.

ಹತ್ತಿರ ಹೋಗಿ ಅದರ ಕುತ್ತಿಗೆ ಮುಟ್ಟಿ ನೋಡಿದೆ. ಸುತ್ತಲೂ ಒಂದು ಬೆರಳಗಲ ಕೂದಲು ಒತ್ತಿ ಚಪ್ಪಟೆಯಾಗಿತ್ತು, ಬೆಲ್ಟ್ ಈಗಷ್ಟೇ ತೆಗೆದ ಹಾಗೆ. ವರ್ಷಗಟ್ಟಲೆ ಹಾಕಿದ್ದರಿಂದ ಹಾಗಾಗಿರಬೇಕು ಎಂದುಕೊಂಡೆ. ಬ್ರಶ್ ತಂದು ಆ ಕೂದಲನ್ನು ಉಲ್ಟಾ ಬಾಚಿ ಎಬ್ಬಿಸಿದೆ, ಹತ್ತಿಯ ಹಾಗೆ ನಿಂತಿತು. ಮರುದಿನ ಸಂಜೆ ಅದು ಪುನಃ ಮೆಟ್ಟಿಲಿಗೆ ಹೋಗಿ, ಗದ್ದ ಎತ್ತಿ, ಗೇಟಿನವರೆಗೆ ನಡೆದು ಬಂದ ಮೇಲೆ ನೋಡಿದರೆ ಅದೇ ಬೆರಳಗಲ, ಅದೇ ಸುತ್ತು. ಅಳತೆಯ ವಿಷಯದಲ್ಲಿ ನನ್ನ ಬೆರಳು ತಪ್ಪುವುದಿಲ್ಲ.

ಅಲ್ಲಿಂದ ಸಂಜೆಯಾದರೆ ಅಂಗಡಿಯ ಶಟರ್ ಎಳೆದು ಬಂದುಬಿಡುತ್ತಿದ್ದೆ. ಗಿರಾಕಿಗಳು ಗೊಣಗಿದರು. ನಾಯಿಯ ಮೇಲೆ ಕಣ್ಣಿಡಬೇಕು ಎಂದು ಯಜಮಾನರಿಗೆ ಹೇಳಿದೆ. ಅವರೂ ಒಂದು ದಿನ ಪಕ್ಕದಲ್ಲಿ ಕುಳಿತು ನೋಡಿದರು. ಅವರಿಗೆ ವೈರಿಂಗ್ ಕೆಲಸ, ಕಾಣದ್ದು ಹರಿಯುತ್ತದೆ ಎಂದರೆ ಗಲಾಟೆ ಮಾಡುವವರಲ್ಲ. “ಅಭ್ಯಾಸಬಲ” ಎಂದರು, ಆದರೆ ಎದ್ದು ಹೋಗುವಾಗ ಆ ಮೆಟ್ಟಿಲನ್ನು ಬಿಟ್ಟು ಬದಿಯಿಂದ ಇಳಿದರು. ಅಭ್ಯಾಸಬಲವಾದರೆ ಅಲೆವೂರಿನ ಮೆಟ್ಟಿಲಲ್ಲಿ ಆಗಬೇಕು, ಕಾರ್ಕಳದ ಮೆಟ್ಟಿಲು ಅದಕ್ಕೆ ಏನು ಗೊತ್ತು ಎಂದು ನಾನು ಕೇಳಲಿಲ್ಲ. ಕೇಳಿದರೆ ಉತ್ತರ ಬಂದುಬಿಡಬಹುದು ಎಂಬ ಹೆದರಿಕೆ.

ಇನ್ನೊಂದು ಸಂಜೆ ಜೋರು ಮಳೆ ಬಂದು ನಿಂತಿತ್ತು, ಮೆಟ್ಟಿಲಲ್ಲಿ ಪಾಚಿ. ನಾಯಿ ಗದ್ದ ಇಳಿಸಿ ಹೆಜ್ಜೆ ಎತ್ತುವಾಗ ನನ್ನ ಬಾಯಿಂದ ತನ್ನಿಂದ ತಾನೇ ಮಾತು ಬಂತು: “ಅಕ್ಕ, ಜಾರುತ್ತದೆ, ಮೆಲ್ಲ.” ನಾಯಿ ನಿಂತು ಪಕ್ಕಕ್ಕೆ ತಿರುಗಿ ನೋಡಿತು, ನನ್ನ ಕಡೆಗಲ್ಲ. ಆಮೇಲೆ ಇಳಿಯಿತು.

ಇಷ್ಟರಲ್ಲಿ ಅದರ ಬೆನ್ನುಮೂಳೆ ಕೂದಲಿನ ಅಡಿಯಿಂದ ಕೈಗೆ ಸಿಗತೊಡಗಿತ್ತು. ಎದೆಯ ಅಳತೆ ಟೇಪಿನಲ್ಲಿ ದಿನದಿನಕ್ಕೆ ಇಳಿಯುತ್ತಿತ್ತು. ಚಿಕ್ಕಮ್ಮನಿಗೆ ಫೋನ್ ಮಾಡಿ ಎಲ್ಲ ಹೇಳಿದೆ.

“ನನಗೆ ನಿದ್ದೆ ಇಲ್ಲ ಮಗಾ” ಎಂದರು. “ಪ್ರೀತಿಯಲ್ಲಿ ಮಾಡಿದೆ, ಬುದ್ಧಿಯಲ್ಲಿ ಮಾಡಲಿಲ್ಲ. ಬಾಕಿಯವರು ಸತ್ತವರ ಒಟ್ಟಿಗೆ ಪೆಟ್ಟಿಗೆ ಕೊಟ್ಟರು, ಕನ್ನಡಕ ಕೊಟ್ಟರು. ಅದಕ್ಕೆಲ್ಲ ಒಂದೇ ತುದಿ. ಹಗ್ಗಕ್ಕೆ ಎರಡು ತುದಿ ಉಂಟಲ್ವಾ? ಒಂದು ಅವಳ ಕೈಯಲ್ಲಿ ಉಂಟು. ಇನ್ನೊಂದರಲ್ಲಿ ಜೀವ ಇರುವ ನಾಯಿ ಉಂಟು. ಅವಳಿಗೆ ಬಿಡಲಿಕ್ಕೆ ಗೊತ್ತಾಗುವುದಿಲ್ಲ, ಅದಕ್ಕೆ ಬಿಡಿಸಿಕೊಳ್ಳಲಿಕ್ಕೆ ಗೊತ್ತಾಗುವುದಿಲ್ಲ.”

“ಹಾಗಾದರೆ ಎಂತ ಮಾಡುವುದು?”

“ಆಟಿಯಲ್ಲಿ ಬಡಿಸುವಾಗ ಕೇಳುವುದು. ಎರಡು ಹಗ್ಗ ತಾ, ಒಂದೇ ನಮೂನೆಯದ್ದು. ಒಂದು ಅವಳಿಗೆ ಕೊಟ್ಟು, ನಾಯಿಯನ್ನು ನಮಗೆ ಬಿಡು ಎಂದು ಹೇಳುವುದು. ನೀನೇ ಹೇಳಬೇಕು. ನಿನ್ನ ಮಾತು ಅವಳು ಕೇಳುತ್ತಾಳೆ.”

ಆಟಿ ಎಂದರೆ ಮಳೆಗಾಲದ ನಟ್ಟನಡುವಿನ ತಿಂಗಳು. ಆಗ ಮನೆಯ ಸತ್ತವರಿಗೆ ಒಳಕೋಣೆಯಲ್ಲಿ ಎಲೆ ಹಾಕಿ, ಇಷ್ಟದ್ದನ್ನೆಲ್ಲ ಬಡಿಸಿ, ಬಾಗಿಲು ಎಳೆದುಕೊಂಡು ಹೊರಗೆ ಕಾಯುತ್ತೇವೆ. ಸಣ್ಣವಳಿರುವಾಗಿನಿಂದ ನೋಡಿದ್ದೆ, ನನಗೆ ಅದರಲ್ಲಿ ಕೋಳಿ ಸಾರಿನ ಆಸೆಯೇ ಹೊರತು ಬೇರೆ ನಂಬಿಕೆ ಇರಲಿಲ್ಲ. ಈ ಸಲ ಆ ದಿನ ಯಾವಾಗ ಬರುತ್ತದೆ ಎಂದು ಕಾದೆ. ಬರಬಾರದು ಎಂದೂ ಒಳಗೊಳಗೆ ಅನ್ನಿಸುತ್ತಿತ್ತು, ಯಾಕೆಂದು ಆಗ ಯೋಚಿಸಲಿಲ್ಲ.

ಪುನಃ ಮಣಿಪಾಲದ ಅಂಗಡಿಗೆ ಹೋದೆ. ಅಂಗಡಿಯವರು ಹಗ್ಗಗಳ ಗೊಂಚಲನ್ನೇ ಇಳಿಸಿ ನನ್ನ ಮುಂದಿಟ್ಟರು. ನೈಲಾನಿನದ್ದು ತೆಗೆದುಕೊಂಡೆ, ಇಟ್ಟೆ. ಅಕ್ಕನ ಬಲಗೈಯ ನಡುಬೆರಳಿನ ಗಂಟು ಊದಿಕೊಂಡಿತ್ತು, ಗಟ್ಟಿ ಅಂಚು ತಾಗಿದರೆ ನೋಯುತ್ತಿತ್ತು. ಸರಪಳಿಯದ್ದು ಅವಳಿಗೆ ಆಗುತ್ತಿರಲಿಲ್ಲ, ಶಬ್ದ ಮಾಡುತ್ತದೆ. ಉದ್ದದ್ದು ಬೇಡ, ನಾಯಿ ದೂರ ಹೋದರೆ ಅವಳಿಗೆ ಗಾಬರಿ.

“ಕೈಯಲ್ಲಿ ಹಿಡಿದು ನೋಡಿ ಮೇಡಂ, ಹಿಡಿ ಸರಿಯಾಗುತ್ತದಾ ಎಂದು.”

“ನನ್ನ ಕೈಗಲ್ಲ.”

“ಹಿಡಿಯುವವರನ್ನು ಕರೆದುಕೊಂಡು ಬಂದರೆ ಒಳ್ಳೆಯದಿತ್ತು” ಎಂದರು ಅವರು, ಎಲ್ಲರಿಗೂ ಹೇಳುವ ಹಾಗೆ.

ಇಲ್ಲದ ಕೈಗೆ ನಾನು ಅಳತೆ ಹೊಂದಿಸುತ್ತಿದ್ದೆ. ಕಣ್ಣು ಮುಚ್ಚಿ ಅಕ್ಕನ ಕೈಯನ್ನು ನೆನಪು ಮಾಡಿಕೊಂಡೆ. ಬೆರಳು, ಗಂಟು, ಬಳೆ ತಾಗುವ ಜಾಗ, ಎಲ್ಲ ಟೇಪ್ ಹಿಡಿದ ಹಾಗೆ ಬಂತು. ಹತ್ತಿಯ ದಾರದಲ್ಲಿ ಹೆಣೆದ, ಹಿಡಿಯ ಒಳಗೆ ಮೆತ್ತೆ ಇಟ್ಟು ಹೊಲಿದ ಬೂದು ಬಣ್ಣದ ಹಗ್ಗ ಎರಡು ತೆಗೆದುಕೊಂಡೆ. ಎರಡು ನಾಯಿ ಉಂಟಾ ಎಂದು ಅವರು ಕೇಳಿದರು. ಒಂದೇ ಎಂದೆ.

ಬೆಳ್ಮಣ್, ಶಿರ್ವ ದಾಟಿ ಕಾಪುವಿಗೆ ಹೋಗುವಾಗ ದಾರಿಯುದ್ದಕ್ಕೂ ಮಳೆ. ನಾಯಿ ನನ್ನ ತೊಡೆಯ ಮೇಲಿತ್ತು, ಒಗೆದ ಟವೆಲಿನಷ್ಟೂ ಭಾರವಿರಲಿಲ್ಲ. ಚಿಕ್ಕಮ್ಮ ಬೆಳಗ್ಗಿನಿಂದ ಅಡುಗೆಯಲ್ಲಿದ್ದರು. ಗರಿಗರಿ ರೊಟ್ಟಿ, ಕೋಳಿ ಸಾರು, ಕೆಸುವಿನೆಲೆಯ ಪತ್ರೊಡೆ. ಕೊನೆಗೆ ಸ್ಟೀಲ್ ಲೋಟದಲ್ಲಿ ಚಹಾ. ನಾನು ಅಭ್ಯಾಸದಲ್ಲಿ ಸಕ್ಕರೆ ಹಾಕದೆ ಕೊಟ್ಟೆ.

“ಹಾಕು ಮಾರಾಯ್ತಿ. ಅವಳಿಗೆ ಇನ್ನು ಎಂತ ಶುಗರ್?” ಎಂದು ಚಿಕ್ಕಮ್ಮ ಎರಡು ಚಮಚ ಹಾಕಿಸಿದರು.

ಸಂಜೆ ಬೆಳಕು ಇರುವಾಗಲೇ ಎಲೆ ಹಾಕಿ ಬಡಿಸಿ ದೀಪ ಹಚ್ಚಿದೆವು. ಎಲೆಯ ಬಲಬದಿಗೆ ಹಗ್ಗವನ್ನು ಸುತ್ತಿ ಇಟ್ಟೆ. ಹೇಳಬೇಕಾದ್ದನ್ನು ದಾರಿಯಲ್ಲಿ ಬಾಯಿಪಾಠ ಮಾಡಿಕೊಂಡಿದ್ದೆ, ಅಲ್ಲಿ ಕುಳಿತಾಗ ಒಂದೂ ಬರಲಿಲ್ಲ. “ಅಕ್ಕ, ಇದು ನಿನಗೆ. ಅದು ಸಾಯುತ್ತದೆ, ಅದನ್ನು ನನಗೆ ಬಿಡು. ನಾನು ನೋಡಿಕೊಳ್ಳುತ್ತೇನೆ” ಎಂದೆ. ಎದ್ದು ಬಂದು ಬಾಗಿಲು ಎಳೆದುಕೊಂಡೆವು.

ಹೊರಗೆ ಚಿಕ್ಕಮ್ಮ, ಯಜಮಾನರು, ನಾನು. ಕಡಲಿನ ಶಬ್ದ ಗೋಡೆಯ ಒಳಗಿನಿಂದ ಬಂದ ಹಾಗೆ ಬರುತ್ತಿತ್ತು. ಮೂಲೆಯಲ್ಲಿ ಬಿದ್ದಿದ್ದ ನಾಯಿ ಎದ್ದಿತು. ಮುಚ್ಚಿದ ಬಾಗಿಲ ಎದುರಿಗೆ ಹೋಗಿ ನಿಂತು ಗದ್ದ ಎತ್ತಿತು. ಎಂದಿನಷ್ಟು ಹೊತ್ತಲ್ಲ, ತುಂಬ ಹೊತ್ತು. ಯಾರೋ ಕಿವಿಯ ಹಿಂದೆ ತುರಿಸಿದ ಹಾಗೆ ತಲೆಯನ್ನು ಒಂದು ಬದಿಗೆ ವಾಲಿಸಿತು, ಬಾಲ ಎರಡು ಸಲ ಅಲ್ಲಾಡಿಸಿತು. ಚಿಕ್ಕಮ್ಮ ನನ್ನ ಮೊಣಕೈಯನ್ನು ಉಗುರು ಊರುವಷ್ಟು ಬಿಗಿಯಾಗಿ ಹಿಡಿದಿದ್ದರು.

ಆಮೇಲೆ ನಾಯಿ ಮೈ ಕೊಡವಿತು. ಮೂಗಿನಿಂದ ಬಾಲದ ತುದಿಯವರೆಗೆ, ಕಿವಿ ಪಟಪಟ ಹೊಡೆದುಕೊಳ್ಳುವ ಹಾಗೆ. ಬೆಲ್ಟ್ ಬಿಚ್ಚಿದ ಕೂಡಲೇ ನಾಯಿಗಳು ಹಾಗೆ ಕೊಡವುತ್ತವೆ. ತಿರುಗಿ ನೇರವಾಗಿ ನನ್ನ ಬಳಿ ಬಂದು ನನ್ನ ಕೈಯಲ್ಲಿದ್ದ ಇನ್ನೊಂದು ಹಗ್ಗವನ್ನು ಮೂಸಿತು.

ಚಿಕ್ಕಮ್ಮ ಬಾಗಿಲು ತಟ್ಟಿ ತೆರೆದರು. ಒಳಗೆ ಎಲ್ಲ ಇಟ್ಟಲ್ಲೇ ಇತ್ತು. ರೊಟ್ಟಿ ಮೆತ್ತಗಾಗಿತ್ತು, ಚಹಾ ಆರಿತ್ತು. ಹಗ್ಗ ನಾನು ಸುತ್ತಿಟ್ಟ ಹಾಗೆಯೇ ಇತ್ತು. ನಾಯಿ ಕೋಣೆಯ ಒಳಗೆ ಇಣುಕಿಯೂ ನೋಡಲಿಲ್ಲ. ಅಡುಗೆಮನೆಗೆ ಹೋಗಿ ಕೋಳಿ ಸಾರಿನ ಪಾತ್ರೆಯ ಎದುರು ಕುಳಿತು ನನ್ನ ಮುಖ ನೋಡಿತು. ಅನ್ನ ಕಲಸಿ ಹಾಕಿದರೆ ತಟ್ಟೆ ನೆಕ್ಕಿ ದೂಡಿಕೊಂಡು ಹೋಯಿತು.

ಮರುದಿನ ಬೆಳಗ್ಗೆ ಅಕ್ಕನ ಪಾಲಿನ ಹಗ್ಗವನ್ನು ಚಿಕ್ಕಮ್ಮ ಕಡಲಿಗೆ ಬಿಟ್ಟರು. ನಾನು ನಾಯಿಗೆ ಹಾರ್ನೆಸ್ ಹಾಕಿ ಇನ್ನೊಂದನ್ನು ಸಿಕ್ಕಿಸಿದೆ. ಅದು ಕುಸಿಯಲಿಲ್ಲ. ದೀಪಸ್ತಂಭದ ಕಡೆ ಒದ್ದೆ ಮರಳಿನಲ್ಲಿ ನನ್ನನ್ನು ಎಳೆದುಕೊಂಡೇ ಹೋಯಿತು, ಮೊಣಕಾಲು ನೋವು ಯಾರದ್ದೂ ಅದಕ್ಕೆ ನೆನಪಿದ್ದಂತೆ ಕಾಣಲಿಲ್ಲ. ಒಂದು ಏಡಿಯನ್ನು ಬೊಗಳಿ ಓಡಿಸಿತು. ಅದು ಬೊಗಳುವುದನ್ನು ನಾನು ಮೊದಲ ಸಲ ಕೇಳಿದ್ದು ಆಗಲೇ. ಚಿಕ್ಕಮ್ಮ ಸೆರಗಿನಿಂದ ಮುಖ ಒರೆಸಿಕೊಂಡು ನಕ್ಕರು. ನಾನೂ ನಕ್ಕೆ, ನಿಜವಾಗಿ ಖುಷಿಯಾಗಿತ್ತು.

ಕಾರ್ಕಳಕ್ಕೆ ಬಂದ ದಿನ ಅಂಗಡಿ ತೆರೆದೆ. ಸಂಜೆಯಾಗುತ್ತಲೇ ಕೈ ತಾನಾಗಿ ಶಟರ್ ಎಳೆಯಿತು. ಮನೆಗೆ ಬಂದು, ಚಹಾ ಮಾಡಿ, ಜಗಲಿಯಲ್ಲಿ ನನ್ನ ಜಾಗದಲ್ಲಿ ಕುಳಿತೆ. ಹೊತ್ತಾಯಿತು. ನಾಯಿ ಬರಲಿಲ್ಲ. ಒಳಗೆ ಹೋಗಿ ನೋಡಿದರೆ ಫ್ರಿಜ್ಜಿನ ಪಕ್ಕ ಹೊಟ್ಟೆ ಮೇಲೆ ಮಾಡಿ ನಿದ್ದೆ. ಕುತ್ತಿಗೆ ಮುಟ್ಟಿದೆ. ಕೂದಲು ಸುತ್ತಲೂ ಎದ್ದು ನಿಂತಿತ್ತು, ಎಲ್ಲಿಯೂ ಒತ್ತಿದ ಗುರುತಿರಲಿಲ್ಲ. ಪುನಃ ಜಗಲಿಗೆ ಬಂದು ಕುಳಿತೆ. ಖಾಲಿ ಮೆಟ್ಟಿಲು, ಅಂಗಳ, ಹಾಕಿದ ಗೇಟು. ಇಷ್ಟು ದಿನ ನಾನು ಅಂಗಡಿ ಮುಚ್ಚಿ ಓಡಿ ಬರುತ್ತಿದ್ದದ್ದು ನಾಯಿಯನ್ನು ನೋಡಲಿಕ್ಕಲ್ಲ ಎಂದು ಆಗ ಗೊತ್ತಾಯಿತು.

ಫೋನ್ ಬಂತು. ಚಿಕ್ಕಮ್ಮ.

“ಬಂದಳಾ?”

“ಇಲ್ಲ.”

“ಅಬ್ಬ, ಒಳ್ಳೆಯದಾಯಿತು ಮಗಾ. ಬಿಟ್ಟಳು.”

“ಹೌದು ಚಿಕ್ಕಮ್ಮ” ಎಂದು ಫೋನ್ ಇಟ್ಟೆ. ದಹನದ ದಿನ ನಾನು ಹೀಗೆ ಅತ್ತಿರಲಿಲ್ಲ, ಕೆಲಸವಿತ್ತು, ಜನವಿದ್ದರು. ಈಗ ನನ್ನ ದನಿ ನನಗೇ ಬೇರೆ ಯಾರದ್ದೋ ಎನಿಸಿತು. ಯಜಮಾನರು ಹಿತ್ತಲಿನಿಂದ ಕೈಯಲ್ಲಿ ಟೆಸ್ಟರ್ ಹಿಡಿದುಕೊಂಡೇ ಓಡಿ ಬಂದರು.

“ಎಂತಾಯಿತು? ನಾಯಿ ಸತ್ತಿತಾ?”

“ನಾಯಿಯಲ್ಲ” ಎಂದೆ. “ಅಕ್ಕ.”